ಅಕಿನ್ಫೆನ್ವಾ ಅನ್ನುವ ಫುಟ್‌ಬಾಲ್ ಆಟಗಾರನ ಬದುಕು ನಿಜಕ್ಕೂ ಹೇಗಿತ್ತು? ಮಗ ತಲೆ ತಿನ್ನುತ್ತಿದ್ದಾನೆ

ಕೋಡಿಬಾಗ ಟೇಲರ್:

ನಮಸ್ಕಾರ ಎಲ್ಲರಿಗೂ. ಫುಟ್‌ಬಾಲ್ ನನಗೆ ಗೊತ್ತಿಲ್ಲ. ನಮ್ಮ ಮನೆಯಲ್ಲಿ ಗೊತ್ತಿರುವವನು ಮಗ ಒಬ್ಬನೇ. ಅವನು ಹೇಳುವುದನ್ನು ಎಷ್ಟು ನಂಬಬೇಕು ಅನ್ನುವುದೇ ನನ್ನ ಪ್ರಶ್ನೆ.

ಪಿಯುಸಿ ಮೊದಲ ವರ್ಷ, ಕಾಮರ್ಸ್. ಸಂಜೆ ಆಯಿತೆಂದರೆ ಮಾಲಾದೇವಿ ಮೈದಾನ, ಅಲ್ಲಿ ಜಾಗ ಸಿಗದಿದ್ದರೆ ಬೀಚ್. ಮುಂದೆ ನಿಂತು ಗೋಲ್ ಹೊಡೆಯುವ ಜಾಗದಲ್ಲಿ ಆಡುತ್ತಾನಂತೆ. ಆಳು ಸ್ವಲ್ಪ ದಪ್ಪ. ಸ್ವಲ್ಪ ಅಂದರೆ, ಟೀಮಿನವರು ಹಂಚಿದ ಜೆರ್ಸಿ ಅವನಿಗೆ ಹಿಡಿಸಲಿಲ್ಲ. ಎರಡೂ ಬದಿಯ ಹೊಲಿಗೆ ಬಿಚ್ಚಿ, ಕಂಕುಳಿಂದ ಕೆಳಗಿನ ತನಕ ಪಟ್ಟಿ ಕೊಟ್ಟೆ. ಜಾರುವ ಬಟ್ಟೆ, ಮಷಿನ್ ಕೆಳಗೆ ನಿಲ್ಲುವುದೇ ಇಲ್ಲ. ಅದೇ ನೀಲಿ ಬಣ್ಣ ಕಾರವಾರದ ಯಾವ ಅಂಗಡಿಯಲ್ಲೂ ಸಿಗಲಿಲ್ಲ, ಹಾಗಾಗಿ ಬಿಳಿ ಪಟ್ಟಿ ಹಾಕಿದೆ. ಈಗ ಅದನ್ನೇ ಡಿಸೈನ್ ಅಂದುಕೊಂಡು ಉಳಿದ ಹುಡುಗರೂ ಬಂದು ಕೇಳುತ್ತಾರೆ. ಅದು ಬೇರೆ ಮಾತು.

ಇತ್ತೀಚೆಗೆ ಒಂದು ಕಡೆ ಸೆಲೆಕ್ಷನ್ ಇತ್ತು. ಇವನನ್ನು ಆಡಿಸಿಯೂ ನೋಡಲಿಲ್ಲ. "ಗೋಲ್‌ಕೀಪರ್ ಆಗು, ಇಲ್ಲಾಂದ್ರೆ ಹತ್ತು ಕೆಜಿ ಇಳಿಸಿಕೊಂಡು ಬಾ" ಎಂದು ಎಲ್ಲರ ಎದುರು ಹೇಳಿ ಕಳಿಸಿದರಂತೆ. ಮನೆಗೆ ಬಂದವನು ರಾತ್ರಿ ಊಟ ಬಿಟ್ಟ. ಬಂಗಡೆ ಹುರಿದಿಟ್ಟರೂ ಮುಟ್ಟಲಿಲ್ಲ ಅಂದರೆ ನೀವೇ ಲೆಕ್ಕ ಹಾಕಿ. ಈಗಲೂ ರಾತ್ರಿ ಅನ್ನ ಬೇಡ ಅನ್ನುತ್ತಾನೆ.

ಆಮೇಲೆ ಮೊಬೈಲಿನಲ್ಲಿ ಈ ಅಕಿನ್ಫೆನ್ವಾನನ್ನು ತೋರಿಸಿದ. ಇಂಗ್ಲೆಂಡಿನವನಂತೆ. ನೋಡಿದರೆ ಕುಸ್ತಿಯವನು ಅನ್ನಬೇಕು. "ಅಮ್ಮ, ಇವನು ನೂರು ಕೆಜಿ ಮೇಲೆ ಇದ್ದಾನೆ. ನಲವತ್ತು ವರ್ಷ ಆಗುವ ತನಕ ಆಡಿದ್ದಾನೆ. ಫಿಫಾ ಅನ್ನುವ ವಿಡಿಯೋ ಗೇಮ್‌ನಲ್ಲಿ ಎಲ್ಲರಿಗಿಂತ ಬಲಶಾಲಿ ಇವನೇ ಆಗಿದ್ದ" ಎಂದ. ಅಲ್ಲಿಂದ ಶುರು, ನಾನೂ ಇವನ ಹಾಗೆ ಆಗುತ್ತೇನೆ, ಬಿಕಾಂ ಎಲ್ಲ ಯಾಕೆ ಅಂತ.

ಇದೆಲ್ಲ ನಿಜವಾ, ಇಲ್ಲ ವಿಡಿಯೋದವರು ಸುಮ್ನೆ ಉಬ್ಬಿಸಿದ್ದಾ? ದೊಡ್ಡ ಟೀಮಿನಲ್ಲಿ ಆಡಿದವನಲ್ಲ ಅಂತ ಮಗನೇ ಹೇಳುತ್ತಾನೆ. ಹಾಗಿದ್ದರೆ ಹೊಟ್ಟೆಪಾಡು ಹೇಗೆ ನಡೆಯಿತು? ಗೊತ್ತಿದ್ದವರು ದಯವಿಟ್ಟು ಹೇಳಿ. ಬಯ್ಯುವುದಕ್ಕಾದರೂ ನನಗೆ ವಿಷಯ ಗೊತ್ತಿರಬೇಕಲ್ಲ.


ಅಂಕೋಲಾ ಪಿಟಿ:

ಅಕ್ಕಾ, ನಿಮ್ಮ ಮಗ ಹೇಳಿದ್ದು ನಿಜ. ಆದರೆ ಅರ್ಧ. ವಿಡಿಯೋಗಳಲ್ಲಿ ಬರುವುದು ಆ ಅರ್ಧವೇ. ಉಳಿದದ್ದು ನಾನು ಹೇಳುತ್ತೇನೆ. ಉದ್ದ ಆಗುತ್ತೆ, ಅವನನ್ನೂ ಪಕ್ಕದಲ್ಲಿ ಕೂರಿಸಿಕೊಂಡು ಓದಿ.

ನಾನು ಹೈಸ್ಕೂಲಿನಲ್ಲಿ ಪಿಟಿ ಮಾಸ್ತರ. ವಾಲಿಬಾಲ್, ಕಬಡ್ಡಿ, ಖೋಖೋ ಕಲಿಸುವುದಕ್ಕೆ ಸಂಬಳ ಬರುತ್ತೆ. ಫುಟ್‌ಬಾಲ್ ಹುಚ್ಚು ಸ್ವಂತದ್ದು. ಅದರಲ್ಲೂ ಇಂಗ್ಲೆಂಡಿನ ಕೆಳಗಿನ ಡಿವಿಷನ್‌ಗಳ ಹುಚ್ಚು. ಮನೆಯಲ್ಲಿ ಯಾರಿಗೂ ಅರ್ಥವಾಗಿಲ್ಲ, ನನಗೂ ಪೂರ್ತಿ ಆಗಿಲ್ಲ.

ಮೊದಲು ಮೆಟ್ಟಿಲು ತಿಳಿದುಕೊಳ್ಳಿ. ಟಿವಿಯಲ್ಲಿ ಎಲ್ಲರೂ ನೋಡುವುದು ಪ್ರೀಮಿಯರ್ ಲೀಗ್, ಅದರಲ್ಲಿ 20 ಕ್ಲಬ್. ಅದರ ಕೆಳಗೆ ಚಾಂಪಿಯನ್‌ಶಿಪ್, ಅದರ ಕೆಳಗೆ ಲೀಗ್ ಒನ್, ಅದಕ್ಕೂ ಕೆಳಗೆ ಲೀಗ್ ಟೂ. ಈ ಮೂರರಲ್ಲೂ 24 ಕ್ಲಬ್. ಎಲ್ಲ ಸೇರಿ 92. ಸೀಸನ್ ಕೊನೆಗೆ ಮುಂದಿರುವವರು ಒಂದು ಮೆಟ್ಟಿಲು ಏರುತ್ತಾರೆ, ಹಿಂದೆ ಉಳಿದವರು ಒಂದು ಮೆಟ್ಟಿಲು ಇಳಿಯುತ್ತಾರೆ. ಕೆಳಗಿನ ಮೂರರಲ್ಲಿ ಒಂದು ಸೀಸನ್‌ಗೆ 46 ಲೀಗ್ ಪಂದ್ಯ, ಕಪ್ ಪಂದ್ಯಗಳು ಬೇರೆ. ಶನಿವಾರ ಆಡಿದ ಮೈಕೈ ನೋವು ಇಳಿಯುವ ಮೊದಲೇ ಮಂಗಳವಾರ ರಾತ್ರಿ ಇನ್ನೊಂದು ಇರುತ್ತೆ. ಅಕಿನ್ಫೆನ್ವಾ ಹೆಚ್ಚಾಗಿ ಆಡಿದ್ದು ಮೂರನೇ, ನಾಲ್ಕನೇ ಮೆಟ್ಟಿಲಲ್ಲಿ. ಪ್ರೀಮಿಯರ್ ಲೀಗ್‌ನಲ್ಲಿ ಒಂದು ನಿಮಿಷವೂ ಆಡಿದವನಲ್ಲ.

ಹುಟ್ಟಿದ್ದು 1982ರಲ್ಲಿ, ಲಂಡನ್ನಿನ ಇಸ್ಲಿಂಗ್ಟನ್‌ನಲ್ಲಿ. ನೈಜೀರಿಯಾ ಮೂಲದ ಮನೆ. ವಾಟ್‌ಫೋರ್ಡ್ ಕ್ಲಬ್ಬಿನ ಹುಡುಗರ ತಂಡದಲ್ಲಿದ್ದ, ಅಲ್ಲಿ ಕೆಲಸ ಆಗಲಿಲ್ಲ. ಇಂಗ್ಲೆಂಡಿನಲ್ಲಿ ಬೇರೆ ಯಾರೂ ಕರೆಯಲಿಲ್ಲ. ಎಲ್ಲಿಗೆ ಹೋದ ಹೇಳಿ? ಲಿಥುವೇನಿಯಾಕ್ಕೆ. ಬಾಲ್ಟಿಕ್ ಸಮುದ್ರದ ಪಕ್ಕ ಕ್ಲೈಪೆಡಾ ಅಂತ ಬಂದರಿನ ಊರು, ಅಲ್ಲಿ ಅಟ್ಲಾಂಟಾಸ್ ಕ್ಲಬ್. 2001ರ ಮಾತು, ಇನ್ನೂ ಇಪ್ಪತ್ತು ತುಂಬದ ಹುಡುಗ. ಮೈಬಣ್ಣ ಹಿಡಿದು ಪ್ರೇಕ್ಷಕರು ಅಸಹ್ಯವಾಗಿ ಕೂಗುತ್ತಿದ್ದರು ಎಂದು ಆಮೇಲೆ ಅವನೇ ಎಷ್ಟೋ ಕಡೆ ಹೇಳಿಕೊಂಡಿದ್ದಾನೆ. ಬಿಟ್ಟು ಬರಲಿಲ್ಲ. ಆ ದೇಶದ ಕಪ್ ಗೆದ್ದ ತಂಡದಲ್ಲಿ ಆಡಿಯೇ ಬಂದ.

ಬಂದು ವೇಲ್ಸ್‌ನ ಬ್ಯಾರಿ ಟೌನ್ ಸೇರಿದ. 2003ರಲ್ಲಿ ಆ ಕ್ಲಬ್ಬಿನ ಕೈಯಲ್ಲಿ ದುಡ್ಡು ಮುಗಿಯಿತು. ಅಲ್ಲಿಂದ ಹೊರಟವನು 2003-04ರ ಒಂದೇ ಸೀಸನ್‌ನಲ್ಲಿ ನಾಲ್ಕು ಇಂಗ್ಲಿಷ್ ಕ್ಲಬ್ ಕಂಡ. ಬೋಸ್ಟನ್ ಯುನೈಟೆಡ್, ಲೇಟನ್ ಓರಿಯೆಂಟ್, ರಶ್ಡನ್ ಅಂಡ್ ಡೈಮಂಡ್ಸ್, ಡಾನ್‌ಕಾಸ್ಟರ್ ರೋವರ್ಸ್. ಅಲ್ಲಿ ಮನೆ ಹಿಡಿ, ಇಲ್ಲಿ ಬಿಡು. ತಮ್ಮಾ, ನೀನು ಓದುತ್ತಾ ಇದ್ದರೆ ಈ ಸಾಲು ಇನ್ನೊಮ್ಮೆ ಓದು. ಗೇಮ್‌ನಲ್ಲಿ ಇದು ಕಾಣುವುದಿಲ್ಲ.

ಮುಂದಿನ ವರ್ಷ ಟಾರ್ಕೀ ಯುನೈಟೆಡ್. ಅಲ್ಲಿ ಗೋಲ್ ಬಂದವು, ಆದರೆ ಟೀಮೇ ಲೀಗ್ ಒನ್‌ನಿಂದ ಕೆಳಗಿಳಿಯಿತು. 2005ರಲ್ಲಿ ಸ್ವಾನ್ಸೀ ಸಿಟಿ ಕರೆದುಕೊಂಡಿತು. ಅವರ ಹೊಸ ಸ್ಟೇಡಿಯಂನ ಮೊದಲ ಲೀಗ್ ಪಂದ್ಯದಲ್ಲಿ ಟ್ರಾನ್‌ಮಿಯರ್ ವಿರುದ್ಧ 1-0, ಗೋಲ್ ಇವನದೇ. 2006ರ ಏಪ್ರಿಲ್‌ನಲ್ಲಿ ಕಾರ್ಡಿಫ್‌ನಲ್ಲಿ ನಡೆದ ಫುಟ್‌ಬಾಲ್ ಲೀಗ್ ಟ್ರೋಫಿ ಫೈನಲ್‌ನಲ್ಲಿ ಕಾರ್ಲೈಲ್ ವಿರುದ್ಧ ಗೆಲುವಿನ ಗೋಲೂ ಇವನದು. ಮರುತಿಂಗಳು ಅದೇ ಮೈದಾನದಲ್ಲಿ ಬಾರ್ನ್ಸ್‌ಲೀ ವಿರುದ್ಧ ಪ್ಲೇ-ಆಫ್ ಫೈನಲ್, ಅಂದರೆ ಮೇಲಿನ ಮೆಟ್ಟಿಲಲ್ಲಿ ಉಳಿದ ಒಂದು ಜಾಗಕ್ಕೆ ನಡೆಯುವ ಪಂದ್ಯ. ಗೆದ್ದರೆ ಚಾಂಪಿಯನ್‌ಶಿಪ್. ಪೆನಾಲ್ಟಿ ಶೂಟೌಟ್‌ಗೆ ಹೋಯಿತು. ಇವನ ಪೆನಾಲ್ಟಿ ಗೋಲಾಗಲಿಲ್ಲ, ಸ್ವಾನ್ಸೀ ಸೋತಿತು. 2007ರಲ್ಲಿ ಕಾಲು ಮುರಿಯಿತು. ಎರಡನೇ ಮೆಟ್ಟಿಲು ಕೈಗೆ ಸಿಕ್ಕಂತೆ ಆಗಿ ಜಾರಿದ್ದು 2006ರ ಆ ಫೈನಲ್‌ನಲ್ಲಿ. ಕೊನೆಗೆ ಅಲ್ಲಿ ಕಾಲಿಟ್ಟದ್ದು ಹದಿನಾಲ್ಕು ವರ್ಷ ಬಿಟ್ಟು, 2020ರಲ್ಲಿ!

ನಡುವಿನ ವರ್ಷಗಳನ್ನು ಬೇಗ ಹೇಳಿ ಮುಗಿಸುತ್ತೇನೆ. ಮಿಲ್‌ವಾಲ್‌ನಲ್ಲಿ ಸ್ವಲ್ಪ ಕಾಲ ಇದ್ದ, ಗೋಲಿಲ್ಲ. 2008ರಲ್ಲಿ ನಾರ್ಥಾಂಪ್ಟನ್, ಆಮೇಲೆ ಜಿಲ್ಲಿಂಗ್‌ಹ್ಯಾಮ್, ಮತ್ತೆ ನಾರ್ಥಾಂಪ್ಟನ್, ಮತ್ತೆ ಜಿಲ್ಲಿಂಗ್‌ಹ್ಯಾಮ್. ಗೋಲ್ ಹೊಡೆಯುತ್ತಲೇ ಇದ್ದ, ಟೀಮುಗಳು ಮಾತ್ರ ಮೇಲೆ ಏರಲಿಲ್ಲ.

ಈಗ ವಿಡಿಯೋದವರು ತೋರಿಸದ ವಿಷಯ. ಅವನು ದಪ್ಪ ಇದ್ದರೂ ಆಡಿದ ಅಂತ ಎಲ್ಲರೂ ಹೇಳುತ್ತಾರೆ. ನನ್ನ ಪ್ರಕಾರ ಅದು ತಪ್ಪು ಲೆಕ್ಕ. ಅವನು ಆ ಮೈಯನ್ನೇ ಕಸುಬು ಮಾಡಿಕೊಂಡ. ಹೇಗೆ ಅಂತ ನೋಡಿ. ಗೋಲ್‌ಕೀಪರ್ ಚೆಂಡನ್ನು ಎತ್ತಿ ಒದೆಯುತ್ತಾನೆ. ಮುಂದೆ ನಿಂತವನು ಎದುರಾಳಿ ಗೋಲಿಗೆ ಬೆನ್ನು ಹಾಕಿರುತ್ತಾನೆ. ಹಿಂದೆ ಡಿಫೆಂಡರ್ ಅಂಟಿಕೊಂಡಿರುತ್ತಾನೆ. ಚೆಂಡು ಇನ್ನೂ ಗಾಳಿಯಲ್ಲಿರುವಾಗಲೇ ಇವನು ಮೊಣಕಾಲು ಮಡಿಸಿ ಸೊಂಟ ಕೆಳಗೆ ತರುತ್ತಾನೆ, ಮುಂಗೈಯನ್ನು ಹಿಂದಕ್ಕೆ ಚಾಚಿ ಆ ಡಿಫೆಂಡರ್ ಯಾವ ಕಡೆ ಇದ್ದಾನೆ ಅಂತ ಮುಟ್ಟಿ ತಿಳಿಯುತ್ತಾನೆ. ಕಣ್ಣು ಚೆಂಡಿನ ಮೇಲೆ, ಹಿಂದಿನದ್ದೆಲ್ಲ ಕೈಯಲ್ಲೇ ಗೊತ್ತಾಗಬೇಕು. ಚೆಂಡು ಎದೆಗೆ ಬಿತ್ತು. ಎದೆಯನ್ನು ಸ್ವಲ್ಪ ಒಳಗೆ ಎಳೆದುಕೊಂಡರೆ ಅದು ಪುಟಿಯದೆ ಕಾಲ ಹತ್ತಿರವೇ ಇಳಿಯುತ್ತೆ. ಡಿಫೆಂಡರ್ ಬಲಕ್ಕೆ ಬಂದರೆ ಚೆಂಡು ಎಡಗಾಲಿಗೆ, ಎಡಕ್ಕೆ ಬಂದರೆ ಬಲಗಾಲಿಗೆ. ನಡುವೆ ಇಡೀ ಮೈ ಇದೆಯಲ್ಲ! ಎರಡು ಸೆಕೆಂಡ್ ಹಿಡಿದು ನಿಂತರೆ ಸಾಕು. ಅಷ್ಟರಲ್ಲಿ ಅವನ ಟೀಮಿನವರು ಮೇಲೆ ಬಂದಿರುತ್ತಾರೆ. ಒಬ್ಬನಿಗೆ ತಳ್ಳಿಬಿಡುತ್ತಾನೆ. ಡಿಫೆಂಡರ್ ಸಿಟ್ಟಿಗೆದ್ದು ಎಳೆದರೆ ಫೌಲ್, ಅದೂ ಲಾಭವೇ.

ಇದನ್ನು ಒಬ್ಬ 70 ಕೆಜಿಯವನು ಮಾಡಬಹುದು, ಆದರೆ ಪಂದ್ಯ ಪೂರ್ತಿ ಇಬ್ಬರು ಡಿಫೆಂಡರ್‌ಗಳ ಎದುರು ಮಾಡುವುದು ಕಷ್ಟ. ಅಕಿನ್ಫೆನ್ವಾ ಮಾಡಿದ, ಅದೂ ಇಪ್ಪತ್ತು ವರ್ಷ. ಜಿಮ್‌ನಲ್ಲಿ ಮಣಭಾರ ಎತ್ತಿ ಕಟ್ಟಿದ ಮೈ ಅದು. ತಿಂದು ಕೂತ ಮೈ ಅಲ್ಲ. ಅವನಿಗೆ ಓಟ ಇರಲಿಲ್ಲ. ಅದಕ್ಕೇ ಎಲ್ಲ ಕೋಚ್‌ಗಳಿಗೂ ಅವನು ಬೇಕಾಗಲಿಲ್ಲ. ನೇರವಾಗಿ ಉದ್ದ ಚೆಂಡು ಹಾಕಿ ಆಡಿಸುವ ಮ್ಯಾನೇಜರ್ ಸಿಕ್ಕಾಗ ಅವನ ಬೆಲೆ ಏರುತ್ತಿತ್ತು, ಮ್ಯಾನೇಜರ್ ಬದಲಾದರೆ ಪೆಟ್ಟಿಗೆ ಕಟ್ಟಬೇಕು.

2014ರಲ್ಲಿ ಎಎಫ್‌ಸಿ ವಿಂಬಲ್ಡನ್ ಸೇರಿದ. ಈ ಕ್ಲಬ್ಬಿನ ಕತೆ ಕೇಳಿದರೆ ನಿಮಗೆ ಇಷ್ಟ ಆಗುತ್ತೆ. ಹಳೆಯ ವಿಂಬಲ್ಡನ್ ಕ್ಲಬ್ಬನ್ನು ಮಾಲೀಕರು ಮಿಲ್ಟನ್ ಕೀನ್ಸ್ ಅನ್ನುವ ದೂರದ ಊರಿಗೆ ಸಾಗಿಸಲು ಹೊರಟಾಗ, ಊರಿನ ಅಭಿಮಾನಿಗಳೇ ಸೇರಿ 2002ರಲ್ಲಿ ಸ್ವಂತ ಕ್ಲಬ್ ಕಟ್ಟಿದರು. ತುಂಬಾ ಕೆಳಗಿನಿಂದ ಶುರು ಮಾಡಿ ಲೀಗ್ ಟೂ ತನಕ ಬಂದಿದ್ದರು. 2015ರ ಜನವರಿ 5ರಂದು ಎಲ್ಲ ಮೆಟ್ಟಿಲಿನ ಕ್ಲಬ್ಬುಗಳೂ ಆಡುವ ಎಫ್‌ಎ ಕಪ್‌ನಲ್ಲಿ ಅವರ ಸಣ್ಣ ಮೈದಾನಕ್ಕೆ ಪ್ರೀಮಿಯರ್ ಲೀಗ್‌ನ ದೊಡ್ಡ ಕ್ಲಬ್ ಲಿವರ್‌ಪೂಲ್ ಬಂತು. ಅಕಿನ್ಫೆನ್ವಾ ಚಿಕ್ಕಂದಿನಿಂದ ಲಿವರ್‌ಪೂಲ್ ಅಭಿಮಾನಿ. ನಮ್ಮಲ್ಲಿ ಆಗ ರಾತ್ರಿ ಒಂದೂವರೆ. ಟಿವಿ ಶಬ್ದ ಪೂರ್ತಿ ಇಳಿಸಿ ನೋಡಿದೆ. ಲಿವರ್‌ಪೂಲ್‌ನ ಜೆರಾರ್ಡ್ ಮೊದಲ ಗೋಲ್ ಹೊಡೆದ. ಆಮೇಲೆ ವಿಂಬಲ್ಡನ್‌ಗೆ ಕಾರ್ನರ್ ಸಿಕ್ಕಿತು, ಲಿವರ್‌ಪೂಲ್ ಕೀಪರ್‌ಗೆ ಚೆಂಡು ಸರಿಯಾಗಿ ಸಿಗಲಿಲ್ಲ, ಹತ್ತಿರದಿಂದಲೇ ಇವನು ಒಳಗೆ ದಬ್ಬಿದ. 1-1. ಚಂದದ ಗೋಲ್ ಅಲ್ಲವೇ ಅಲ್ಲ. ನಾನು ಕೂಗಿ ಮನೆಯವರನ್ನೆಲ್ಲ ಎಬ್ಬಿಸಿದೆ. ಕೊನೆಗೆ ಜೆರಾರ್ಡ್ ಫ್ರೀ ಕಿಕ್‌ನಲ್ಲಿ ಇನ್ನೊಂದು ಹಾಕಿ 2-1 ಮಾಡಿದ ಅನ್ನಿ.

2016ರ ಮೇ 30, ವೆಂಬ್ಲಿ ಸ್ಟೇಡಿಯಂ, ಲೀಗ್ ಟೂ ಪ್ಲೇ-ಆಫ್ ಫೈನಲ್, ಎದುರಾಳಿ ಪ್ಲಿಮತ್. ವಿಂಬಲ್ಡನ್ 1-0 ಮುಂದಿತ್ತು. ಹೆಚ್ಚುವರಿ ನಿಮಿಷಗಳಲ್ಲಿ ಪೆನಾಲ್ಟಿ ಸಿಕ್ಕಿತು. ಬೇರೆಯವನು ಹೊಡೆಯಬೇಕಿತ್ತು, ಇವನು ಚೆಂಡು ತೆಗೆದುಕೊಂಡ. ಕ್ಲಬ್ ತನ್ನನ್ನು ಮುಂದುವರಿಸುವುದಿಲ್ಲ ಅಂತ ಅವನಿಗೆ ಗೊತ್ತಿತ್ತು. ಹೊಡೆದ, 2-0, ಕ್ಲಬ್ ಮೇಲಕ್ಕೆ ಹೋಯಿತು. ಅದೇ ವರ್ಷ ಮಿಲ್ಟನ್ ಕೀನ್ಸ್‌ನ ಆ ಕ್ಲಬ್ ಚಾಂಪಿಯನ್‌ಶಿಪ್‌ನಿಂದ ಇಳಿದು ಲೀಗ್ ಒನ್‌ಗೆ ಬಂತು. ಅಂದರೆ ಎರಡೂ ಒಂದೇ ಮೆಟ್ಟಿಲಲ್ಲಿ ಎದುರುಬದುರು! ಪಂದ್ಯ ಮುಗಿದ ಕೂಡಲೇ ಟಿವಿ ಮೈಕ್ ಎದುರು ಇವನು, ನನಗೀಗ ಕೆಲಸವಿಲ್ಲ, ಮ್ಯಾನೇಜರ್‌ಗಳು ಯಾರಾದರೂ ವಾಟ್ಸಾಪ್ ಮಾಡಿ ಎಂದ. ಜಗತ್ತೆಲ್ಲ ನಕ್ಕಿತು. ನಗುವ ವಿಷಯವೇ, ಆದರೆ 34 ವರ್ಷದವನಿಗೆ ನಿಜವಾಗಿಯೂ ಕೆಲಸ ಇರಲಿಲ್ಲ.

ಕೆಲಸ ಕೊಟ್ಟದ್ದು ವಿಕಂಬ್ ವಾಂಡರರ್ಸ್. ಮ್ಯಾನೇಜರ್ ಗ್ಯಾರೆತ್ ಐನ್ಸ್‌ವರ್ತ್. 2014ರಲ್ಲಿ ಕೊನೆಯ ದಿನ ಹೇಗೋ ಉಳಿದುಕೊಂಡು ಲೀಗ್ ಟೂನಲ್ಲೇ ಇದ್ದ ಕ್ಲಬ್ ಅದು. 2018ರಲ್ಲಿ ಲೀಗ್ ಒನ್‌ಗೆ ಏರಿತು. 2020ರಲ್ಲಿ ಕೊರೋನಾದಿಂದ ಸೀಸನ್ ಅರ್ಧಕ್ಕೆ ನಿಂತಾಗ ಎಂಟನೇ ಜಾಗದಲ್ಲಿತ್ತು. ಆಡಿದ ಪಂದ್ಯಗಳ ಸರಾಸರಿ ತೆಗೆದಾಗ ಮೂರನೆಯದಾಯಿತು, ಪ್ಲೇ-ಆಫ್‌ಗೆ ಬಂತು. ಜುಲೈ 13ರಂದು ಪ್ರೇಕ್ಷಕರೇ ಇಲ್ಲದ ವೆಂಬ್ಲಿಯಲ್ಲಿ ಆಕ್ಸ್‌ಫರ್ಡ್ ಯುನೈಟೆಡ್ ವಿರುದ್ಧ 2-1. 1887ರಲ್ಲಿ ಹುಟ್ಟಿದ ಕ್ಲಬ್ ಮೊದಲ ಸಲ ಎರಡನೇ ಮೆಟ್ಟಿಲು ಕಂಡಿತು. ಇವನು ಮತ್ತೆ ಮೈಕ್ ಹಿಡಿದು, ಈಗ ವಾಟ್ಸಾಪ್ ಮಾಡುವುದಿದ್ದರೆ ಲಿವರ್‌ಪೂಲ್‌ನ ಆಗಿನ ಮ್ಯಾನೇಜರ್ ಕ್ಲಾಪ್ ಒಬ್ಬನೇ ಮಾಡಬಹುದು ಅಂದ. ಕ್ಲಾಪ್ ವಿಡಿಯೋ ಕಳಿಸಿಯೇ ಬಿಟ್ಟ.

ಚಾಂಪಿಯನ್‌ಶಿಪ್‌ನಲ್ಲಿ ಒಂದೇ ಸೀಸನ್, ವಿಕಂಬ್ ವಾಪಸ್ ಇಳಿಯಿತು. 2022ರ ಮೇ 21ರಂದು ಮತ್ತೆ ವೆಂಬ್ಲಿ, ಸಂಡರ್‌ಲ್ಯಾಂಡ್ ಎದುರು 2-0 ಸೋಲು. ಅದೇ ಕೊನೆಯ ಪಂದ್ಯ. ಆ ತಿಂಗಳೇ 40 ತುಂಬಿತ್ತು. ಒಟ್ಟು 200ಕ್ಕೂ ಜಾಸ್ತಿ ಗೋಲ್.

ಹೊಟ್ಟೆಪಾಡಿನ ವಿಷಯ ಕೇಳಿದಿರಲ್ಲ. ಆ ಮಟ್ಟದಲ್ಲಿ ಸಂಬಳಕ್ಕೆ ಮನೆ ನಡೆಯುತ್ತೆ, ಟಿವಿಯಲ್ಲಿ ಕೇಳುವ ಕೋಟಿಗಳು ಇಲ್ಲ. ಕಾಂಟ್ರಾಕ್ಟ್ ಹೆಚ್ಚಾಗಿ ಒಂದು ವರ್ಷ, ಎರಡು ವರ್ಷದ್ದು. ಜೂನ್ 30ಕ್ಕೆ ಮುಗಿಯುತ್ತೆ. ಮೇ ತಿಂಗಳಲ್ಲಿ ಯಾರನ್ನು ಇಟ್ಟುಕೊಳ್ಳುತ್ತೇವೆ, ಯಾರನ್ನು ಬಿಡುತ್ತೇವೆ ಅಂತ ಕ್ಲಬ್ಬುಗಳು ಪಟ್ಟಿ ಹಾಕುತ್ತವೆ. ಇವನು ಜಾಣ. ಆಡುತ್ತಿರುವಾಗಲೇ "ಬೀಸ್ಟ್ ಮೋಡ್ ಆನ್" ಅಂತ ಸ್ವಂತ ಬಟ್ಟೆ ಬ್ರ್ಯಾಂಡ್ ಮಾಡಿಕೊಂಡ. ಟೇಲರ್ ಅಕ್ಕ, ಈ ಭಾಗ ಮಗನಿಗೆ ಜೋರಾಗಿ ಓದಿ ಹೇಳಿ.


ಶಿರಸಿ ಸೀಮೆಯವ:

ಮಾಸ್ತರೆ, ಚೆನ್ನಾಗಿ ಬರೆದಿದ್ದೀರಿ. ನನಗೆ ಫುಟ್‌ಬಾಲ್ ಅಷ್ಟಕ್ಕಷ್ಟೆ, ಆದರೆ ಈ ಬದುಕು ಗೊತ್ತು. ನಮ್ಮ ಕಡೆ ಯಕ್ಷಗಾನ ಮೇಳದವರದ್ದು ಹೀಗೇ ಅಲ್ವಾ? ಮಳೆ ಹಿಡಿಯುವ ಹೊತ್ತಿಗೆ ತಿರುಗಾಟ ಮುಗಿಯುತ್ತೆ, ಮುಂದಿನ ವರ್ಷ ಈ ಮೇಳವೋ ಆ ಮೇಳವೋ ಅಂತ ಫೋನ್ ಕಾಯುತ್ತಾ ಕೂರುವುದು. ದೊಡ್ಡಪ್ಪ ಬಣ್ಣದ ವೇಷ, ಅಂದರೆ ರಾಕ್ಷಸರ ಪಾತ್ರ, ಮಾಡುತ್ತಿದ್ದರು. ಆಳೂ ಹಾಗೇ ಇದ್ದರು, ಸ್ವರವೂ ಹಾಗೇ. ಅವರನ್ನು ಪುರುಷವೇಷಕ್ಕೆ ಯಾರೂ ಕೇಳಲಿಲ್ಲ, ಅವರೂ ಆಸೆ ಪಡಲಿಲ್ಲ.

ಆದರೆ ಒಂದು ತಕರಾರು ಇದೆ. ನೀವು ಹೇಳಿದ್ದು ಉಳಿದವನ ಕತೆ. ವಾಟ್‌ಫೋರ್ಡ್‌ನಲ್ಲಿ ಅವನ ಜೊತೆಗೇ ಬಿಟ್ಟು ಬಂದ ಹುಡುಗರು ಎಷ್ಟು ಜನ ಇರಬೇಕು? ಅವರೆಲ್ಲ ಈಗ ಏನು ಮಾಡುತ್ತಿದ್ದಾರೆ? ಅವರ ಮೇಲೆ ಯಾರೂ ವಿಡಿಯೋ ಮಾಡುವುದಿಲ್ಲ. ಅದೂ ಅಲ್ಲಿ 92 ಕ್ಲಬ್ ಇವೆ, ಅದರ ಕೆಳಗೆ ಇನ್ನೂ ಎಷ್ಟೋ. ಒಬ್ಬರು ಬೇಡ ಅಂದರೆ ಇನ್ನೊಬ್ಬರ ಬಾಗಿಲು ತಟ್ಟಬಹುದು. ಇಲ್ಲಿ ಕಾರವಾರದಲ್ಲಿ ಒಂದು ಸೆಲೆಕ್ಷನ್‌ನಲ್ಲಿ ಹೊರಗೆ ಹಾಕಿದರೆ ಮುಂದೆ ಎಲ್ಲಿಗೆ ಹೋಗುವುದು?

ತಂಗೀ, ನನ್ನ ಮಾತು ಕೇಳಿದರೆ ಹುಡುಗ ಆಡಲಿ, ಬಿಕಾಂ ಬಿಡುವುದು ಬೇಡ. ನಾನು ಅಡಿಕೆ ತೋಟ ಇಟ್ಟುಕೊಂಡವನು, ಒಂದೇ ಬೆಳೆ ನಂಬಿದವನ ಪಾಡು ನನಗೆ ಗೊತ್ತು. ಕೊಳೆರೋಗ ಬಂದ ವರ್ಷ ಕಾಳುಮೆಣಸು ಇಲ್ಲದಿದ್ದರೆ ಮನೆ ನಡೆಯುತ್ತಿರಲಿಲ್ಲ.


ವೆರ್ಣಾ ನೈಟ್ ಶಿಫ್ಟ್:

ನಾನು ಅವರ್ಸಾದವನು, ಗೋವಾದಲ್ಲಿ ಕೆಲಸ. ಸಣ್ಣವನಿದ್ದಾಗ ಕಾರವಾರದಿಂದ ರೈಲು ಹತ್ತಿ ಮಡಗಾಂವ್‌ಗೆ ಬಂದು ಫಾತೋರ್ಡಾ ಸ್ಟೇಡಿಯಂನಲ್ಲಿ ಪಂದ್ಯ ನೋಡುತ್ತಿದ್ದೆವು.

ಪಿಟಿ ಸರ್, ಅಕಿನ್ಫೆನ್ವಾ ಬಗ್ಗೆ ಬರೆದು ರಿಕ್ಕಿ ಲ್ಯಾಂಬರ್ಟ್ ಹೆಸರು ಬಿಟ್ಟರೆ ಹೇಗೆ? ಇಬ್ಬರೂ 1982ರಲ್ಲೇ ಹುಟ್ಟಿದವರು, ಇಬ್ಬರೂ ಫಾರ್ವರ್ಡ್, ಇಬ್ಬರೂ ಕೆಳಗಿನಿಂದ ಬಂದವರು. ಲ್ಯಾಂಬರ್ಟ್ ಲಿವರ್‌ಪೂಲ್ ಪಕ್ಕದ ಕರ್ಕ್‌ಬಿಯವನು. 15ನೇ ವಯಸ್ಸಿಗೆ ಲಿವರ್‌ಪೂಲ್‌ನವರು ಬಿಟ್ಟರು. ಬ್ಲ್ಯಾಕ್‌ಪೂಲ್ ಕ್ಲಬ್ಬೂ ಬಿಟ್ಟಿತು. ಬೀಟ್‌ರೂಟ್ ಫ್ಯಾಕ್ಟರಿಯಲ್ಲಿ ಜಾಡಿಗಳಿಗೆ ಮುಚ್ಚಳ ಹಾಕುವ ದಿನಗೂಲಿ ಕೆಲಸ ಮಾಡಿದ್ದಾನೆ. ಆಮೇಲೆ ಮ್ಯಾಕಲ್ಸ್‌ಫೀಲ್ಡ್, ಸ್ಟಾಕ್‌ಪೋರ್ಟ್, ರಾಚ್‌ಡೇಲ್, ಬ್ರಿಸ್ಟಲ್ ರೋವರ್ಸ್. 2008-09ರಲ್ಲಿ ಲೀಗ್ ಒನ್‌ನಲ್ಲಿ 29 ಗೋಲ್. 2009ರಲ್ಲಿ ಸೌತಾಂಪ್ಟನ್ ಕೊಂಡುಕೊಂಡಿತು, ಅವರೂ ಆಗ ಲೀಗ್ ಒನ್‌ನಲ್ಲೇ ಇದ್ದರು. ಇಲ್ಲಿ ಕೇಳಿ. ಮ್ಯಾನೇಜರ್ ಆಲನ್ ಪಾರ್ಡ್ಯೂ ಮೊದಲು ಹೇಳಿದ್ದೇ ಹೊಟ್ಟೆ ಇಳಿಸು ಅಂತ. ಇವನು ಇಳಿಸಿದ! 2011ರಲ್ಲಿ ಒಂದು ಮೆಟ್ಟಿಲು, 2012ರಲ್ಲಿ ಇನ್ನೊಂದು. ಪ್ರೀಮಿಯರ್ ಲೀಗ್‌ನ ಮೊದಲ ಸೀಸನ್‌ನಲ್ಲೇ 15 ಗೋಲ್. ಸೌತಾಂಪ್ಟನ್‌ಗೆ ಹೊಡೆದ 34 ಪೆನಾಲ್ಟಿಗಳಲ್ಲಿ 34ನ್ನೂ ಗೋಲ್ ಮಾಡಿದ. ಇದನ್ನು ನಾನು ಶಿಫ್ಟ್‌ನಲ್ಲಿ ಎಲ್ಲರಿಗೂ ಹೇಳಿ ಹೇಳಿ ಬಯ್ಯಿಸಿಕೊಂಡಿದ್ದೇನೆ.

2013ರ ಆಗಸ್ಟ್ 14, ವೆಂಬ್ಲಿ, ಸ್ಕಾಟ್ಲೆಂಡ್ ವಿರುದ್ಧ. 31ನೇ ವಯಸ್ಸಿನಲ್ಲಿ ಇಂಗ್ಲೆಂಡ್ ತಂಡಕ್ಕೆ ಮೊದಲ ಪಂದ್ಯ. ರೂನಿ ಬದಲಿಗೆ ಒಳಗೆ ಬಂದ. ಕಾರ್ನರ್ ಬಂತು, ಮೊದಲ ಸಲ ಚೆಂಡು ಮುಟ್ಟಿದ್ದು ಹಣೆಯಲ್ಲಿ, ಗೋಲ್. 3-2 ಗೆಲುವು. 2014ರ ವಿಶ್ವಕಪ್ ತಂಡದಲ್ಲಿದ್ದ, ಅದೇ ವರ್ಷ ಲಿವರ್‌ಪೂಲ್ 40 ಲಕ್ಷ ಪೌಂಡ್ ಕೊಟ್ಟು ಕರೆಸಿಕೊಂಡಿತು. ಬಿಟ್ಟು ಕಳಿಸಿದ ಕ್ಲಬ್ಬೇ!

ಹಾಗಾಗಿ ಅಕ್ಕಾ, ಸೆಲೆಕ್ಷನ್‌ನವರು ಹೇಳಿದ ರೀತಿ ಕೆಟ್ಟದ್ದೇ ಇರಬಹುದು, ಮಾತು ಪೂರ್ತಿ ತಪ್ಪಲ್ಲ. ಅಕಿನ್ಫೆನ್ವಾ ತೂಕ ಇಳಿಸಿದ್ದರೆ ಇನ್ನೂ ಮೇಲೆ ಹೋಗುತ್ತಿದ್ದ ಅಂತ ನನ್ನ ಲೆಕ್ಕ.


ಅಂಕೋಲಾ ಪಿಟಿ:

ಅವರ್ಸಾದವರೆ, ಲ್ಯಾಂಬರ್ಟ್ ನನಗೂ ಇಷ್ಟ. ಆದರೆ ಕೊನೆಯ ಸಾಲು ಒಪ್ಪುವುದಿಲ್ಲ. ಲ್ಯಾಂಬರ್ಟ್ ಹತ್ತಿರ ಬೇರೆ ಸಾಮಾನುಗಳಿದ್ದವು. ದೂರದಿಂದ ಹೊಡೆತ, ಫ್ರೀ ಕಿಕ್, ಪಾಸ್ ಹಾಕುವ ಕಣ್ಣು. ಮೈ ಹಗುರಾದಾಗ ಅವೆಲ್ಲ ಹೊರಗೆ ಬಂದವು. ಅಕಿನ್ಫೆನ್ವಾನ ಬಂಡವಾಳವೇ ಆ ಭಾರ. ಅದನ್ನು ಇಳಿಸಿದರೆ ಓಟ ಇಲ್ಲದ ಇನ್ನೊಬ್ಬ ಸಾಧಾರಣ ಫಾರ್ವರ್ಡ್, ಅಷ್ಟೆ. ಯಾರು ಕರೆಯುತ್ತಿದ್ದರು?


ವೆರ್ಣಾ ನೈಟ್ ಶಿಫ್ಟ್:

ಅದನ್ನು ಇಳಿಸಿ ನೋಡಿದ ಮೇಲೆ ಹೇಳಬೇಕಿತ್ತು ಸರ್. ಇಳಿಸಲೇ ಇಲ್ಲವಲ್ಲ.


ಕೋಡಿಬಾಗ ಟೇಲರ್:

ಎಲ್ಲರಿಗೂ ತುಂಬಾ ಥ್ಯಾಂಕ್ಸ್. ಇಷ್ಟು ಜನ ಇಷ್ಟು ಬರೆಯುತ್ತೀರಿ ಅಂದುಕೊಂಡಿರಲಿಲ್ಲ. ಮಗನಿಗೆ ಓದಿಸಿದೆ. ಒಂದೇ ವರ್ಷ ನಾಲ್ಕು ಕ್ಲಬ್ ಅನ್ನುವಲ್ಲಿ ಸುಮ್ಮನಾದ. ಅದು ಅವನಿಗೆ ಗೊತ್ತಿರಲಿಲ್ಲವಂತೆ. ಬೀಟ್‌ರೂಟ್ ಫ್ಯಾಕ್ಟರಿ ಕೇಳಿ ನಕ್ಕ. ಬಟ್ಟೆ ಬ್ರ್ಯಾಂಡ್ ಅಂದ ಕೂಡಲೇ "ನೋಡಮ್ಮ, ನಿನ್ನ ಲೈನೇ" ಎಂದ. ಬಿಕಾಂ ವಿಷಯಕ್ಕೆ ಇನ್ನೂ ಬಾಯಿ ಬಿಟ್ಟಿಲ್ಲ. ಶಿರಸಿ ಅಣ್ಣ, ನಿಮ್ಮ ಕಾಳುಮೆಣಸಿನ ಮಾತು ನಾನು ದಿನಾ ಬಳಸಿಕೊಳ್ಳುತ್ತೇನೆ.

ನನಗೆ ಉಳಿದ ಪ್ರಶ್ನೆ ಒಂದೇ. ನಿಮ್ಮಲ್ಲಿ ಒಬ್ಬರು ಇಳಿಸು ಅನ್ನುತ್ತೀರಿ, ಇನ್ನೊಬ್ಬರು ಇಳಿಸಬೇಡ ಅನ್ನುತ್ತೀರಿ. ನಾನು ರಾತ್ರಿ ಅನ್ನ ಬಡಿಸಬೇಕೋ ಬೇಡವೋ?


ಅಂಕೋಲಾ ಪಿಟಿ:

ಬಡಿಸಿ ಅಕ್ಕಾ. ಹೊಟ್ಟೆ ತುಂಬಾ ಬಡಿಸಿ.

ಲ್ಯಾಂಬರ್ಟ್ ತೂಕ ಇಳಿಸಿದಾಗ ಅವನಿಗೆ 27 ವರ್ಷ. ಕ್ಲಬ್ಬಿನಲ್ಲಿ ಡಾಕ್ಟರ್, ಫಿಸಿಯೋ, ಅಭ್ಯಾಸ ಮಾಡಿಸುವವರು ಎಲ್ಲ ಇದ್ದರು. ನಿಮ್ಮ ಮಗನಿಗೆ ಇನ್ನೂ ಎಲುಬು ಬೆಳೆಯುವ ವಯಸ್ಸು. ರಾತ್ರಿ ಊಟ ಬಿಟ್ಟು ಸಂಜೆ ಉಸುಕಿನಲ್ಲಿ ಓಡಿದರೆ ಮೊದಲು ಹೋಗುವುದು ಕೊಬ್ಬಲ್ಲ, ಕಸುವು. ಮೊಣಕಾಲೂ ಹಾಳಾಗುತ್ತೆ. ನನ್ನ ಶಾಲೆಯಲ್ಲೇ ಕಬಡ್ಡಿಯ ಹುಡುಗರು ತೂಕದ ಮಿತಿಗಾಗಿ ಹಸಿದು ಬಂದು ಮೈದಾನದಲ್ಲಿ ತಲೆ ಸುತ್ತಿ ಬಿದ್ದದ್ದು ನೋಡಿದ್ದೇನೆ. ಕರಿದದ್ದು, ಬೇಕರಿ, ಬಾಟಲಿ ಜ್ಯೂಸ್ ಕಡಿಮೆ ಮಾಡಲಿ. ಅನ್ನ, ಮೀನು, ಬೇಳೆ, ಮೊಟ್ಟೆ ಬಿಡುವುದು ಬೇಡ.

ತಮ್ಮಾ, ಇದು ನಿನಗೆ. ಅಕಿನ್ಫೆನ್ವಾ ಆಗಬೇಕು ಅಂದರೆ ಅವನ ಕೆಲಸ ಕಲಿ. ಮನೆ ಹಿಂದೆ ಗೋಡೆ ಇದ್ದರೆ ಚೆಂಡು ಎತ್ತರಕ್ಕೆ ಹೊಡೆದು ವಾಪಸ್ ಬಂದದ್ದನ್ನು ಎದೆಯಲ್ಲಿ ಇಳಿಸು. ಕಾಲ ಹತ್ತಿರ ಸತ್ತು ಬೀಳಬೇಕು, ಪುಟಿಯಬಾರದು. ಅದು ಬಂದ ಮೇಲೆ ಗೆಳೆಯನೊಬ್ಬನನ್ನು ಬೆನ್ನ ಹಿಂದೆ ನಿಲ್ಲಿಸಿಕೊಂಡು ಅದೇ ಮಾಡು. ಅವನು ತಳ್ಳಲಿ, ಅಂಗಿ ಎಳೆಯಲಿ. ಎಡಗಾಲಲ್ಲೂ ಹಿಡಿಯಲು ಬರಬೇಕು, ಇಲ್ಲದಿದ್ದರೆ ಒಳ್ಳೆಯ ಡಿಫೆಂಡರ್ ಐದು ನಿಮಿಷದಲ್ಲಿ ನಿನ್ನನ್ನು ಕಂಡುಹಿಡಿಯುತ್ತಾನೆ. ಓಟಕ್ಕೆ ದೂರ ಓಡಬೇಡ. ಹತ್ತು ಹೆಜ್ಜೆ ಜೋರಾಗಿ, ನಡೆದು ವಾಪಸ್, ಮತ್ತೆ ಹತ್ತು ಹೆಜ್ಜೆ. ಗಟ್ಟಿ ನೆಲದಲ್ಲಿ ಮಾಡು, ಬೀಚಿನ ಮೆತ್ತಗಿನ ಉಸುಕಿನಲ್ಲಿ ಬೇಡ.

ಮುಂದಿನ ಸೆಲೆಕ್ಷನ್‌ನಲ್ಲಿ ತೂಕದ ಮಾತು ಬಂದರೆ ವಾದ ಮಾಡಬೇಡ. ಹತ್ತು ನಿಮಿಷ ಗೋಲಿಗೆ ಬೆನ್ನು ಹಾಕಿ ಆಡಿಸಿ ನೋಡಿ ಸರ್ ಅಂತ ಕೇಳು. ಅಷ್ಟು ಕೇಳುವುದರಲ್ಲಿ ತಪ್ಪಿಲ್ಲ. ಅಂಕೋಲಾ ಕಡೆ ಬರುವುದಿದ್ದರೆ ಭಾನುವಾರ ಬೆಳಿಗ್ಗೆ ನಮ್ಮ ಶಾಲೆಯ ಮೈದಾನದಲ್ಲಿ ನಾನು ಇರುತ್ತೇನೆ. ನನ್ನ ಹತ್ತಿರ ಕಬಡ್ಡಿಯ ಮೂರು ಗಟ್ಟಿ ಹುಡುಗರಿದ್ದಾರೆ, ಫುಟ್‌ಬಾಲ್ ಬರುವುದಿಲ್ಲ, ಆದರೆ ಹಿಂದಿನಿಂದ ತಳ್ಳುವುದು ಚೆನ್ನಾಗಿ ಬರುತ್ತೆ. ವಿಳಾಸ ನಿಮ್ಮ ಅಮ್ಮನಿಗೆ ಮೆಸೇಜ್ ಮಾಡುತ್ತೇನೆ.